ಅಕ್ಕೋಳದ ಎಂಟು ನಿಮಿಷ

ಈ ಕತೆಯಲ್ಲಿ ಒಂದು ಸುಳ್ಳಿದೆ, ಅದನ್ನು ಬರೆದವನು ನಾನು. ಮೊದಲೇ ಒಪ್ಪಿಕೊಂಡುಬಿಟ್ಟರೆ ಮುಂದೆ ಹೇಳುವುದಕ್ಕೆ ಸಲೀಸು. ಮೂವತ್ತನಾಲ್ಕು ವರ್ಷ ಸರಕಾರಿ ಕಚೇರಿಗಳಲ್ಲಿ ಗುಮಾಸ್ತಿಕೆ ಮಾಡಿ, ನಿವೃತ್ತನಾಗಿ ಶೇಡಬಾಳಕ್ಕೆ ಬಂದು ಕೂತವನು ನಾನು. ಹೆಸರು ಧರೆಪ್ಪ, ಓಣಿಯವರಿಗೆಲ್ಲ ಧರೆಪ್ಪ ಕಾಕಾ. ಯಾರು ಅರ್ಜಿ ಬರೆಸಬೇಕಾದರೂ ನನ್ನ ಕಟ್ಟೆಗೇ ಬರುತ್ತಾರೆ. ಅರ್ಜಿ ಎಂದರೆ ಪಲ್ಯ ಇದ್ದ ಹಾಗೆ, ಉಪ್ಪು ಒಂದು ಚಿಟಿಕೆ ಮುಂದಿರಬೇಕು, ಇಲ್ಲದಿದ್ದರೆ ಸಾಹೇಬರ ನಾಲಿಗೆಗೆ ಹತ್ತುವುದಿಲ್ಲ ಎಂದು ನಂಬಿದ್ದೆ. ಆ ನಂಬಿಕೆಯನ್ನು ಹೋದ ವರ್ಷ ಒಬ್ಬ ಕಂಡಕ್ಟರ್ ಹುಡುಗಿ ನನ್ನ ಎದುರಿಗೇ ಮುರಿದು ಹಾಕಿದಳು. ಅವಳ ವಿಷಯ ಹೇಳೋಣ ಎಂದೇ ಇದನ್ನು ಬರೆಯಲು ಕೂತಿದ್ದೇನೆ.

ಪೂನಮ ನಮ್ಮ ಪಕ್ಕದ ಮನೆಯ ಸೊಸೆ. ತವರು ರಾಯಬಾಗದ ಕಡೆಯ ಒಂದು ಹಳ್ಳಿ, ತಂದೆಯದು ಹಿಟ್ಟಿನ ಗಿರಣಿ. ಗಿರಣಿಯ ಸದ್ದಿನಲ್ಲಿ ಮಾತಾಡಿ ಬೆಳೆದವಳಾದ್ದರಿಂದ ಗಂಟಲು ಗಟ್ಟಿ. ಇಪ್ಪತ್ತನಾಲ್ಕನೆಯ ವಯಸ್ಸಿಗೆ ಪರೀಕ್ಷೆ ಪಾಸು ಮಾಡಿ ಸಾರಿಗೆ ಸಂಸ್ಥೆಯಲ್ಲಿ ಕಂಡಕ್ಟರ್ ಆದಳು. ಕೆಲಸ ಸಿಕ್ಕಿದ್ದು ನಿಪ್ಪಾಣಿ ಕಡೆಯ ಡಿಪೊದಲ್ಲಿ. ಯಾವ ಡಿಪೊ, ಯಾವ ಸಾಹೇಬರು ಎಂದು ನಾನು ಹೆಸರು ಹೇಳುವುದಿಲ್ಲ. ಈ ವಯಸ್ಸಿನಲ್ಲಿ ನನಗೆ ಇನ್ನೊಂದು ಕೋರ್ಟು ಬೇಡ. ಆ ಭಾಗದ ಬಸ್ಸಿನಲ್ಲಿ ಅರ್ಧ ಮಂದಿ ಕನ್ನಡದವರು, ಅರ್ಧ ಮಂದಿ ಮರಾಠಿಯವರು. "ಮುಂದ ಸರೀರಿ, ಪುಢೇ ಚಲಾ" ಎಂದು ಒಂದೇ ಉಸಿರಿನಲ್ಲಿ ಎರಡೂ ಭಾಷೆಯವರನ್ನು ಒಳಗೆ ತಳ್ಳುವುದು ಅವಳಿಗೆ ಬಂದ ವಿದ್ಯೆ. ಅವಳ ಬಸ್ಸಿನಲ್ಲಿ ಬಾಗಿಲ ಹತ್ತಿರ ಜೋತು ಬಿದ್ದವರನ್ನು ನಾನು ಕಂಡಿಲ್ಲ.

ನಮ್ಮ ಪಕ್ಕದ ಮನೆಯ ಸಂದೇಶನನ್ನು ಮದುವೆಯಾದಾಗ ಅವಳಿಗೆ ಇಪ್ಪತ್ತೇಳು. ಸಂದೇಶನಿಗೆ ಒಂದಿಷ್ಟು ಕಬ್ಬು, ಒಂದಿಷ್ಟು ದ್ರಾಕ್ಷಿ. ಒಳ್ಳೆಯ ಹುಡುಗ, ಮಾತು ಕಡಿಮೆ. ಮನೆಯ ಮಾತನ್ನೆಲ್ಲ ಅವನ ತಾಯಿ ಪದ್ಮವ್ವಳೇ ಆಡಿ ಮುಗಿಸುತ್ತಿದ್ದುದರಿಂದ ಅವನಿಗೆ ಉಳಿಯುತ್ತಿರಲಿಲ್ಲ. ಮದುವೆಯಾದ ಮೇಲೂ ಪೂನಮ ನಿಪ್ಪಾಣಿಯಲ್ಲಿ ಬಾಡಿಗೆ ಕೋಣೆಯಲ್ಲೇ ಇರಬೇಕಾಯಿತು. ವಾರಕ್ಕೊಂದು ರಜೆ. ಹಿಂದಿನ ರಾತ್ರಿ ಬಂದು, ಒಂದು ಹಗಲು ಇದ್ದು, ಸಂಜೆ ಹೊರಟುಬಿಡುತ್ತಿದ್ದಳು.

ಪದ್ಮವ್ವಳಿಗೆ ಸೊಸೆ ದೂರ ಇರುವುದಕ್ಕಿಂತ ದೊಡ್ಡ ಸಂಕಟ ಇನ್ನೊಂದಿತ್ತು. ಅವರು ಜೈನರು, ಪೂನಮಳ ತವರಿನವರಂತೆಯೇ ಹೊತ್ತು ಮುಳುಗುವುದರೊಳಗೆ ಉಣ್ಣುವ ನೇಮದವರು. ಸೂರ್ಯ ಇಳಿಯುತ್ತಿದ್ದಂತೆ ಮನೆಯವರೆಲ್ಲ ಹಿತ್ತಲ ಪಡಸಾಲೆಯಲ್ಲಿ ಕೂತು ಒಟ್ಟಿಗೆ ಉಣ್ಣುವುದು ಆ ಮನೆಯ ಪದ್ಧತಿ. ಹೆಣ್ಣುಮಕ್ಕಳಿಲ್ಲದ ಪದ್ಮವ್ವ, ಮಗ ಇಪ್ಪತ್ತು ವರ್ಷದವನಾದಾಗಿನಿಂದ ಆ ಪಡಸಾಲೆಯಲ್ಲಿ ತನ್ನ ಪಕ್ಕಕ್ಕೆ ಒಬ್ಬ ಸೊಸೆ ಬಂದು ಕೂರುವುದನ್ನು ಎಣಿಸುತ್ತಿದ್ದವಳು. ಸೊಸೆ ಬಂದಳು, ಆದರೆ ಸಂಜೆಯ ಊಟಕ್ಕೆ ಒಂದು ದಿನವೂ ಸಿಕ್ಕಲಿಲ್ಲ. ರಜೆಯ ದಿನವೂ ಹೊತ್ತು ಮುಳುಗುವ ಮುಂಚೆಯೇ ಕಡೆಯ ಬಸ್ಸು. ಪೂನಮಳಿಗೂ ಬೇಕಾಗಿದ್ದದ್ದು ಅದೇ ಒಂದು. ಬಡ್ತಿ ಬೇಡ, ಹಗುರ ಕೆಲಸ ಬೇಡ. ದಿನಾ ಹೊತ್ತು ಮುಳುಗುವ ಮುಂಚೆ ತನ್ನ ಮನೆಯಲ್ಲಿ ಕೂತು ಉಣ್ಣಬೇಕು. ಅದಕ್ಕಾಗಿ ಅಥಣಿ ಕಡೆಯ ಡಿಪೊಗೆ ವರ್ಗ ಬೇಕು.

ಹಾಗಾದರೆ ವಾರದ ಉಳಿದ ಆರು ದಿನ ಅವಳು ಎಲ್ಲಿ ಉಣ್ಣುತ್ತಿದ್ದಳು? ಬಸ್ಸಿನಲ್ಲೇ. ಒಮ್ಮೆ ನಿಪ್ಪಾಣಿಗೆ ಕೆಲಸವಿದ್ದು ಹೋದಾಗ ನಾನೇ ಆ ಬಸ್ಸು ಹತ್ತಿ ನೋಡಿದೆ. ಸಂಜೆ ನಿಪ್ಪಾಣಿಯಿಂದ ಹೊರಟು ಅಕ್ಕೋಳದ ಮೇಲೆ ಹಳ್ಳಿಗಳಿಗೆ ಹೋಗಿ ಬರುವ ಬಸ್ಸು. ಬಸ್ಸಿನ ತುಂಬ ತಂಬಾಕಿನ ವಖಾರಗಳಲ್ಲಿ, ಅಂದರೆ ಗೋದಾಮುಗಳಲ್ಲಿ, ಕೆಲಸ ಮುಗಿಸಿದ ಹೆಂಗಸರು. ಎಲ್ಲರ ಕೈಯಲ್ಲೂ ಪುಕ್ಕಟೆ ಪ್ರಯಾಣದ ಸೊನ್ನೆ ಟಿಕೆಟ್ಟು, ಎಲ್ಲರ ಸೆರಗಿನಲ್ಲೂ ತಂಬಾಕಿನ ಘಾಟು. ಹಿಂದಿನ ಸೀಟಿನಲ್ಲಿ ಲಕ್ಕವ್ವ ಎಂಬ ಹಿರಿಯಳು ತಿರುಗಿ ಕೂತು, ಹಿಂದಿನ ಗಾಜಿನಿಂದ ಸೂರ್ಯನನ್ನು ನೋಡುತ್ತ ಕೈ ಚಾಚಿ ಬೆರಳಿನಿಂದ ಅಳೆಯುತ್ತಿದ್ದಳು. ಅಕ್ಕೋಳ ದಾಟಿ ಒಂದು ಹುಣಸೆಮರ ಬರುತ್ತದೆ. "ಇನ್ನ ನಾಕ ಬೆರಳ ಐತಿ, ಹೊಡಿ ತಂಗಿ" ಎಂದಳು. ಪೂನಮ ಬೆಲ್ ಹೊಡೆದಳು. ಡ್ರೈವರ್ ಹಾಲಸಿದ್ದ ಬಸ್ಸನ್ನು ಮರದ ಕೆಳಗೆ ನಿಲ್ಲಿಸಿ ಎಂಜಿನ್ ಬಂದ್ ಮಾಡಿದ.

ಪೂನಮ ಕೈ ತೊಳೆದು, ಕಂಡಕ್ಟರ್ ಸೀಟಿನಲ್ಲಿ ಡಬ್ಬಿ ಬಿಚ್ಚಿ, ಎರಡು ರೊಟ್ಟಿ, ಮಡಿಕೆಕಾಳಿನ ಪಲ್ಯ, ಶೇಂಗಾ ಚಟ್ನಿ ಉಂಡಳು. ಐವತ್ತು ಮಂದಿ ಇದ್ದ ಬಸ್ಸಿನಲ್ಲಿ ಒಬ್ಬರೂ ಗೊಣಗಲಿಲ್ಲ. ಕೆಲವರು ಇಳಿದು ಮೈ ಮುರಿದರು, ಒಬ್ಬಳು ಕೂಸಿಗೆ ಹಾಲು ಕೊಟ್ಟಳು. ಮೋಡ ಕವಿದ ದಿನ ಏನು ಮಾಡುತ್ತೀರಿ ಎಂದು ಹಾಲಸಿದ್ದನನ್ನು ಕೇಳಿದೆ. ಅವನು ಸ್ಟಿಯರಿಂಗ್ ಪಕ್ಕ ಅಂಟಿಸಿದ್ದ ಕ್ಯಾಲೆಂಡರಿನ ಹಾಳೆ ತೋರಿಸಿದ. ದಿನದಿನದ ಸೂರ್ಯಾಸ್ತದ ವೇಳೆಗೆ ಕೆಂಪು ಗುರುತು. ಅವನೋ ಭಾನುವಾರ ಮಟನ್ ಊಟ ತಪ್ಪಿಸದ ಮನುಷ್ಯ.

"ಮೊದಲನೇ ದಿನ ಈ ಹುಡಿಗಿ ಉಪವಾಸ ಇತ್ತರಿ ಕಾಕಾ" ಎಂದ. "ಹೊತ್ತ ಮುಳಗೇತಿ, ಇನ್ನ ಉಣ್ಣಂಗಿಲ್ಲ ಅಂತು. ನನಗ ಗಾಡಿ ಹೊಡಿಯಾಕ ಮನಸ ಆಗಲಿಲ್ಲ. ಮರದಿನ ಇಲ್ಲೇ ನಿಲ್ಲಿಸಿ ಉಣ್ಣು ಅಂದೆ. ಆಕಿ ಏನಂದ್ಲು ಗೊತ್ತೇನ್ರಿ? ಹಂಗ ನೀವ ನಿಲ್ಲಿಸಬ್ಯಾಡ್ರಿ, ನಾ ಬೆಲ್ ಹೊಡದ ಮ್ಯಾಲ ನಿಲ್ಲಸ್ರಿ, ನಾಳಿ ಯಾರರ ಕೇಳಿದರ ತಪ್ಪ ನಂದ ಇರ್ಲಿ ಅಂದ್ಲು."

ಎಂಟು ನಿಮಿಷಕ್ಕೆ ಡಬ್ಬಿ ಮುಚ್ಚಿತು, ಎರಡು ಬೆಲ್ ಬಿದ್ದವು, ಬಸ್ಸು ಹೊರಟಿತು. ಆರು ವರ್ಷ ಹೀಗೇ ನಡೆದಿತ್ತು.

ಈಗ ನನ್ನ ಸುಳ್ಳಿಗೆ ಬರೋಣ. ಮದುವೆಯಾದ ತಿಂಗಳಿಗೇ ವರ್ಗದ ಅರ್ಜಿ ಬರೆಯಲು ಅವಳು ನನ್ನ ಕಟ್ಟೆಗೆ ಬಂದಳು. ಗಂಡನ ಊರು, ಅತ್ತೆಯ ವಯಸ್ಸು ಎಲ್ಲ ಬರೆದೆ. ಉಪ್ಪು ಸಾಲದು ಅನ್ನಿಸಿತು. "ಸದರಿ ಕರ್ತವ್ಯದಲ್ಲಿ ಸೂರ್ಯಾಸ್ತದೊಳಗೆ ಊಟ ಮಾಡಲು ಯಾವುದೇ ಅವಕಾಶ ಇರುವುದಿಲ್ಲವಾದ್ದರಿಂದ ಧಾರ್ಮಿಕ ನೇಮಕ್ಕೆ ನಿತ್ಯ ಭಂಗ ಉಂಟಾಗುತ್ತಿದೆ" ಎಂದು ಸೇರಿಸಿ ಓದಿದೆ. ನನಗೇ ಮೈ ಜುಮ್ಮೆಂದಿತು. ಪೂನಮ ಪೆನ್ನು ಹಿಡಿದು ಹಾಗೇ ಕೂತಳು.

"ಕಾಕಾ, ಅಕ್ಕೋಳದಾಗ ಉಣ್ತೀನಲ್ರಿ ನಾನು."

"ಅದು ಊಟ ಅಲ್ಲವಾ, ಅದು ಅಪರಾಧ. ಸರಕಾರಿ ಬಸ್ಸು ನಿಲ್ಲಿಸಿ ಉಣ್ತೀನಿ ಅಂತ ಬರದರ ವರ್ಗ ಅಲ್ಲ, ಸಸ್ಪೆಂಡ್ ಬರತೈತಿ. ಸುಮ್ಮ ಸಹಿ ಮಾಡು."

ಮಾಡಿದಳು. ಮುಖ ಮಾತ್ರ ಹಾಗಲಕಾಯಿ ತಿಂದವಳ ಹಾಗಿತ್ತು.

ಅರ್ಜಿ ಹೋಯಿತು. ಆಮೇಲೆ ಎರಡು ವರ್ಷದ ಮಾತು ಕೇಳಿದರೆ ನನಗೆ ಈಗಲೂ ಪಿತ್ತ ಏರುತ್ತದೆ. ಆಗುವುದಿಲ್ಲ ಎಂದು ಬರೆದಿದ್ದರೆ ಆಗುವುದಿಲ್ಲ ಎಂದು ತಿಳಿಯುತ್ತಿತ್ತು. ಹಾಗೂ ಬರೆಯಲಿಲ್ಲ. ಕೇಳಿದಾಗಲೆಲ್ಲ "ಪರಿಶೀಲನೆಯಲ್ಲಿದೆ." ಅಡ್ಡಗೋಡೆಯ ಮೇಲೆ ದೀಪ ಇಡುವುದು ಎಂದರೆ ಇದೇ. ಕಡತದ ಮೇಲೆ ಒಬ್ಬ ಸಾಹೇಬರು "ಚರ್ಚಿಸಿ" ಎಂದು ಬರೆದರಂತೆ, ಚರ್ಚಿಸುವುದರೊಳಗೆ ಅವರಿಗೇ ವರ್ಗವಾಯಿತು. ಬಂದವರೂ "ಚರ್ಚಿಸಿ" ಎಂದು ಬರೆದರು. ನಾನೂ ನನ್ನ ಕಾಲದಲ್ಲಿ ಇಂಥ ಕಡತಗಳನ್ನು ಕಟ್ಟಿಟ್ಟವನೇ. ಆದರೆ ಪಕ್ಕದ ಮನೆಯ ಹುಡುಗಿಯ ಸಂಜೆ ಅದರೊಳಗೆ ಕಟ್ಟಿಸಿಕೊಂಡಾಗ ದಾರದ ಗಂಟು ಎಷ್ಟು ಬಿಗಿ ಎಂದು ಗೊತ್ತಾಯಿತು.

ಪದ್ಮವ್ವ ಒಂದು ದಿನ ಬಸದಿಗೆ ಹೋಗಿ ಮುನಿ ಮಹಾರಾಜರ ಮುಂದೆ ನೇಮ ತೆಗೆದುಕೊಂಡಳು. ಏನಾದರೂ ಒಂದು ಬಿಡುವುದು ಆ ಮಂದಿಯಲ್ಲಿ ರೂಢಿ. ಮಹಾರಾಜರು ಅವಳ ವಯಸ್ಸು ನೋಡಿ, ಹಾಗಲಕಾಯಿ ಬಿಡಬಹುದಲ್ಲ ಎಂದರಂತೆ.

"ಹಾಗಲಕಾಯಿ ಮೊದಲ ತಿನ್ನಂಗಿಲ್ರಿ" ಎಂದಳಂತೆ ಪದ್ಮವ್ವ. "ಬಿಟ್ಟರ ಬಿಟ್ಟಂಗ ಅನಸಬೇಕು. ಸೊಸಿ ವರ್ಗದ ಕಾಗದ ಕೈಗೆ ಬರೂತನಕ ಚಾ ಬಿಟ್ಟೇನಿ."

ಓಣಿಯವರೆಲ್ಲ ತಲೆಯ ಮೇಲೆ ಕೈ ಇಟ್ಟುಕೊಂಡೆವು. ಬೆಳಗಿನಿಂದ ಹೊತ್ತು ಮುಳುಗುವುದರೊಳಗೆ ಆರು ಸಲ ಚಹಾ ಕುಡಿಯುತ್ತಿದ್ದ ಹೆಂಗಸು. ನೇಮ ಅವಳದು, ಕಷ್ಟ ನಮ್ಮದಾಯಿತು. ಮೊದಲ ವಾರ ತಲೆನೋವು. ಆಮೇಲೆ ಎಲ್ಲರ ಮೇಲೂ ಸಿಟ್ಟು. ಸಂದೇಶ ದ್ರಾಕ್ಷಿ ತೋಟದಲ್ಲೇ ಹೆಚ್ಚು ಹೊತ್ತು ಇರತೊಡಗಿದ. ನನ್ನ ಮನೆಯಲ್ಲಿ ಚಹಾ ಕುದಿಯುವ ವಾಸನೆ ಹೋದರೆ ಗೋಡೆಯ ಆಚೆಯಿಂದ ಪಾತ್ರೆ ಎತ್ತಿ ಕುಕ್ಕುವ ಸದ್ದು ಬರುತ್ತಿತ್ತು, ಹಾಗಾಗಿ ನಾವು ಕಿಟಕಿ ಮುಚ್ಚಿ ಚಹಾ ಮಾಡತೊಡಗಿದೆವು. ಇದಕ್ಕೆ ಮದ್ದು ಅರ್ಜಿಯಲ್ಲ, ಕೋರ್ಟು ಎಂದು ತೀರ್ಮಾನಿಸಿ, ನಾನೇ ಪೂನಮಳನ್ನು ಅಥಣಿಯ ವಕೀಲ ಅಭಿನಂದನನ ಹತ್ತಿರ ಕರೆದುಕೊಂಡು ಹೋದೆ.

ಧಾರವಾಡದ ಹೈಕೋರ್ಟು ಪೀಠದಲ್ಲಿ ಅರ್ಜಿ ಬಿತ್ತು. ಕೆಲವು ತಿಂಗಳಿಗೆ ಅಭಿನಂದನನ ಫೋನು ಬಂತು, "ಆರ್ಡರ್ ಆತರಿ." ಅಷ್ಟು ಸಾಕಾಯಿತು. ಸಂದೇಶ ಕಾಗವಾಡಕ್ಕೆ ಹೋಗಿ ಪೇಢೆ ತಂದ. ಓಣಿಗೆಲ್ಲ ಹಂಚಿದರು. ಪದ್ಮವ್ವ ಮಧ್ಯಾಹ್ನ ಮೂರಕ್ಕೆ ಒಲೆಯ ಮೇಲೆ ಚಹಾ ಇಟ್ಟು, ಯಾಲಕ್ಕಿ ಕುಟ್ಟಿ ಹಾಕಿ, ಕಪ್ಪಿನಿಂದ ಬಸಿಗೆ ಹೊಯ್ದುಕೊಂಡು, ನನ್ನನ್ನು ಕರೆದು, ಮೊಬೈಲಿಗೆ ಬಂದಿದ್ದ ಆದೇಶ ಓದಿ ಹೇಳು ಎಂದಳು. ನಾನು ಓದಿದೆ. ಅರ್ಜಿದಾರಳ ಮನವಿಯನ್ನು ಎಂಟು ವಾರದೊಳಗೆ ಪರಿಶೀಲಿಸಿ, ಅವಳ ಮಾತು ಕೇಳಿ, ಕಾರಣ ಬರೆದು ತೀರ್ಮಾನ ಮಾಡಬೇಕು. ವರ್ಗ ಕೊಡಬೇಕೋ ಬಿಡಬೇಕೋ ಎಂಬ ಬಗ್ಗೆ ನ್ಯಾಯಾಲಯ ಏನೂ ಹೇಳುತ್ತಿಲ್ಲ. ಓದುತ್ತ ಓದುತ್ತ ನನ್ನ ಧ್ವನಿ ಸಣ್ಣದಾಯಿತು.

"ಅಂದರ?" ಎಂದಳು ಪದ್ಮವ್ವ. ಬಸಿ ತುಟಿಯ ಹತ್ತಿರ ಇತ್ತು.

"ಅಂದರ, ಕೊಡ್ರಿ ಅಂತ ಹೇಳಿಲ್ಲ ಪದ್ಮವ್ವ. ಹೌದೋ ಅಲ್ಲೋ ಅಂತ ಹೇಳ್ರಿ ಅಂದಾರ ಅಷ್ಟ."

ಅವಳು ಬಸಿಯನ್ನು ಕೆಳಗಿಟ್ಟಳು. ನನ್ನ ಕಡೆ ಸರಿಸಿ, "ನೀನ ಕುಡಿ ಧರೆಪ್ಪ" ಎಂದಳು. ಕೂಸು ಹುಟ್ಟುವ ಮೊದಲೇ ಕುಲಾವಿ ಹೊಲಿಸಿದ ಓಣಿಯವರು ಪೇಢೆ ತಿಂದ ಬಾಯಿ ಒರೆಸಿಕೊಂಡರು. ಆ ಚಹಾ ನಾನು ಕುಡಿದೆ, ಸುಳ್ಳು ಹೇಳಬಾರದು. ಆದರೆ ಅಷ್ಟು ರುಚಿಯಾದ ಚಹಾ ಅಷ್ಟು ಕಷ್ಟದಿಂದ ಎಂದೂ ಇಳಿದಿಲ್ಲ.

ಎಂಟು ವಾರದಲ್ಲಿ ಐದು ಸುಮ್ಮನೆ ಕಳೆದವು. ಆರನೆಯ ವಾರ ಕಡತ ಎದ್ದಿತು. ಸಾಹೇಬರು ಹೊಸಬರು. ಊಟಕ್ಕೆ ಅವಕಾಶವೇ ಇಲ್ಲ ಎಂಬ ನನ್ನ ವಾಕ್ಯದ ಕೆಳಗೆ ಗೆರೆ ಎಳೆದು, ಆ ಬಸ್ಸಿನಲ್ಲಿ ಹೋಗಿ ನೋಡಿ ವರದಿ ಕೊಡಿ ಎಂದು ಒಬ್ಬ ತಪಾಸಣೆಯವರನ್ನು ಕಳಿಸಿದರು. ಅವರು ನಿಪ್ಪಾಣಿಯಲ್ಲಿ ಬಸ್ಸು ಹತ್ತುವುದರೊಳಗೆ ಡಿಪೊದ ಯಾರೋ ಹಾಲಸಿದ್ದನಿಗೆ ಹೇಳಿದ್ದರು, ಹಾಲಸಿದ್ದ ಲಕ್ಕವ್ವಳಿಗೆ ಹೇಳಿದ್ದ. ಲಕ್ಕವ್ವಳಿಗೆ ಹೇಳುವುದು ಎಂದರೆ ಬಸ್ಸಿನ ಬಾಗಿಲಲ್ಲಿ ಬೋರ್ಡು ಹಾಕಿದ ಹಾಗೆ.

ಆ ಸಂಜೆ ಲಕ್ಕವ್ವ ಹಿಂದಿನ ಗಾಜಿನ ಕಡೆ ತಿರುಗಲೇ ಇಲ್ಲ. ಪೂನಮ ಬೆಲ್ಲಿನ ಹಗ್ಗಕ್ಕೆ ಕೈ ಹಾಕಿದಳು. ಅಷ್ಟರೊಳಗೆ ಇಬ್ಬರು ಹೆಂಗಸರು ಎದ್ದು ಅವಳಿಗೂ ಹಗ್ಗಕ್ಕೂ ನಡುವೆ ನಿಂತರು. ಹುಣಸೆಮರ ಹಿಂದೆ ಹೋಯಿತು. ತಪಾಸಣೆಯವರು ಕೇಳಿದಾಗ ಲಕ್ಕವ್ವ ಎದೆ ಸೆಟೆಸಿ ಹೇಳಿದಳಂತೆ: "ನಿಂದರೂದ ಎಲ್ಲಿರಿ ಸಾಹೇಬ್ರ, ಈ ಡ್ರೈವರ್ ನಾವು ಇಳಿಯೂ ಊರಾಗ ನಿಲ್ಲಿಸಿದರ ನಮ್ಮ ಪುಣ್ಯೆ. ಪಾಪ, ಆ ಹುಡಿಗಿ ಆರು ವರ್ಷ ಆತು ಸಂಜಿ ಉಂಡಿಲ್ರಿ. ನೋಡ್ರಿ ಹೆಂಗ ಒಣಗೇತಿ." ಪೂನಮ ಒಣಗಿದವಳಲ್ಲ, ಸಾಕಷ್ಟು ಗುಂಡಗಿದ್ದಾಳೆ. ಆದರೂ ಇಡೀ ಬಸ್ಸು ಹೌದು ಹೌದು ಎಂದಿತು, ಮರಾಠಿಯವರೂ ಸೇರಿ. ನಲವತ್ತು ಮಂದಿ ಕಾಗದದ ಮೇಲೆ ಸಹಿ, ಹೆಬ್ಬೆಟ್ಟು ಹಾಕಿದರು.

ಈ ಸುದ್ದಿ ಕೇಳಿ ನಾನು ತೊಡೆ ತಟ್ಟಿದೆ. ನನ್ನ ಉಪ್ಪಿನ ಚಿಟಿಕೆಗೆ ನಲವತ್ತು ಸಾಕ್ಷಿ. ಆದರೆ ಪೂನಮ ಫೋನಿನಲ್ಲಿ ಬರೀ ಒಂದು ಮಾತು ಹೇಳಿದಳು: "ನಿನ್ನಿ ಉಪವಾಸ ಇದ್ನಿರಿ ಕಾಕಾ. ಅದಲ್ಲ ಸಂಕಟ. ನನ್ನ ಸಲುವಾಗಿ ಲಕ್ಕವ್ವಾಯಿ ಹೆಬ್ಬಟ್ಟ ಒತ್ತಿ ಸುಳ್ಳ ಹೇಳಿದ್ಲು."

ವಿಚಾರಣೆಯ ದಿನ ಅವಳ ಜೊತೆ ನಾನೂ ಹೋದೆ. ಸಾಹೇಬರು ನನ್ನನ್ನು ನೋಡಿ ಯಾರು ಎಂದರು. ಹಿರಿಯರು ಎಂದು ಹೇಳಿ ಗೋಡೆಯ ಪಕ್ಕದ ಸ್ಟೂಲಿನಲ್ಲಿ ಕೂತೆ. ಅವರು ಕನ್ನಡಕ ಹಣೆಗೇರಿಸಿ ವರದಿ ಓದಿದರು, ಅರ್ಜಿ ಓದಿದರು, ನನ್ನ ವಾಕ್ಯವನ್ನು ಗಟ್ಟಿಯಾಗಿಯೇ ಓದಿದರು. ಆಮೇಲೆ ಪೆನ್ನಿನ ಟೋಪಿ ತೆಗೆದರು.

"ಸಂಜಿ ಊಟಕ್ಕ ಅವಕಾಶ ಇಲ್ಲ ಅಂತ ನೀವೂ ಬರದೀರಿ, ಮಂದಿನೂ ಹೇಳ್ಯಾರ. ಇದು ಖರೇನ ಏನಮ್ಮ? ಹೌದು ಅಂದರ ನಾ ಇಲ್ಲೇ ಬರದು ಮುಗಸ್ತೀನಿ."

ನಾನು ಮನಸ್ಸಿನಲ್ಲೇ, ಹೌದ್ರಿ ಅನ್ನು, ಎರಡಕ್ಷರ ಅನ್ನು, ನಿಮ್ಮತ್ತೆಯ ಚಹಾ ಅಲ್ಲೇ ಕುದಿಯುತ್ತಿದೆ ಎಂದು ಬೇಡಿಕೊಂಡೆ.

"ಅಲ್ರಿ" ಎಂದಳು ಪೂನಮ. "ದಿನಾ ಉಣ್ತೀನ್ರಿ. ಅಕ್ಕೋಳ ದಾಟಿ ಹುಣಸಿಗಿಡದ ಕೆಳಗ ಬಸ್ ನಿಂದರತೈತ್ರಿ. ಎಂಟ ನಿಮಿಷ. ಬೆಲ್ ಹೊಡ್ಯಾಕಿ ನಾನರಿ, ಡ್ರೈವರ್‌ದೇನೂ ತಪ್ಪಿಲ್ಲ. ಆ ಮಂದಿ ನನ್ನ ಮ್ಯಾಲಿನ ಜೀವಕ್ಕ ಹಂಗ ಹೇಳ್ಯಾರ. ಈ ಅರ್ಜಿಗೆ ಸಹಿ ಮಾಡಿದಾಕಿನೂ ನಾನ."

ನನ್ನ ಹೆಸರು ಹೇಳಲಿಲ್ಲ. ಗೋಡೆಯ ಪಕ್ಕದಲ್ಲಿ ಕೂತ ನನಗೆ ಎಂಥ ನಾಚಿಕೆಯಾಯಿತೆಂದರೆ, ಎದ್ದು ನಿಂತು, "ಬರದಾಂವ ನಾನ್ರಿ ಸಾಹೇಬ್ರ" ಎಂದುಬಿಟ್ಟೆ. ಅವರು ನನ್ನನ್ನು ಮೇಲಿಂದ ಕೆಳಗೆ ನೋಡಿ, "ಎಲ್ಲಿ ಸರ್ವೀಸ್ ಮಾಡೀರಿ?" ಎಂದರು. ಹೇಳಿದೆ. "ಬರವಣಿಗಿ ನೋಡಿದರ ಹೌದು ಅನಸ್ತೈತಿ" ಎಂದು ಕೂರಿಸಿದರು.

ಆಮೇಲೆ ದೂರುಗಳ ವಹಿಯನ್ನು ತರಿಸಿ ಪುಟ ತಿರುಗಿಸಿದರು. ಕಡೆಗೆ ಅವಳನ್ನು ಕೇಳಿದರು: "ಆರು ವರ್ಷ ಆ ಬಸ್ ದಿನಾ ಎಂಟ ನಿಮಿಷ ತಡ ಆಗೇತಿ. ಒಂದ ದೂರ ಬಂದಿಲ್ಲ. ನನ್ನ ಸರ್ವೀಸಿನಾಗ ಇಂಥಾದ್ದು ನೋಡಿಲ್ಲ. ಆ ಮಂದಿ ಏನ್ ಮಾಡ್ತಾರ ಆ ಎಂಟ ನಿಮಿಷ?"

"ಹೊತ್ತ ನೋಡ್ತಾರ್ರಿ" ಎಂದಳು ಪೂನಮ. "ನಾ ಉಣ್ಣೂದರಾಗ ಮುಳಗಬಾರದು ಅಂತ."

ಸಾಹೇಬರು ಪೆನ್ನಿನ ಟೋಪಿ ಹಾಕಿದರು. ಆದೇಶ ಅಂಚೆಯಲ್ಲಿ ಬರುತ್ತದೆ, ಹೋಗಿ ಎಂದರು.

ಹೊರಗೆ ಬಂದು ನಾನು ಅವಳಿಗೆ ಬಯ್ಯಬೇಕೆಂದಿದ್ದೆ, ಬಯ್ಯದೆ ಬಸ್‌ಸ್ಟ್ಯಾಂಡಿನ ಕಡೆ ನಡೆದೆ. ವರ್ಗ ಹೋಯಿತು ಎಂಬುದರಲ್ಲಿ ನನಗೆ ಅನುಮಾನ ಉಳಿದಿರಲಿಲ್ಲ. ಇರುವ ಕೆಲಸಕ್ಕೆ ಏನೂ ಆಗದಿದ್ದರೆ ಸಾಕು ಎನ್ನಿಸಿತ್ತು. ಮನೆಗೆ ಬಂದು, ಕಚೇರಿಯಲ್ಲಿ ನಡೆದದ್ದನ್ನು ಪದ್ಮವ್ವಳಿಗೆ ಹೆದರುತ್ತಲೇ ಹೇಳಿದೆ. ಚಹಾ ಇಲ್ಲದೆ ಹದಿನಾಲ್ಕು ತಿಂಗಳಾಗಿದ್ದ ಹೆಂಗಸು, ಏನು ಎತ್ತಿ ಎಸೆಯುತ್ತಾಳೋ ಎಂದು ಬಾಗಿಲ ಹತ್ತಿರವೇ ನಿಂತಿದ್ದೆ.

"ಛಲೋ ಮಾಡ್ಯಾಳ" ಎಂದಳು. "ಹೊತ್ತ ಮುಳಗೂದರಾಗ ಉಣಬೇಕು ಅನ್ನೂ ನೇಮಕ್ಕ ಸುಳ್ಳ ಹೇಳಿದರ ಅದೇನು ನೇಮ? ಚಾ ಇಲ್ಲದ ನಾ ಸತ್ತೇನೇನು?" ಆಮೇಲೆ ಒಳಗೆ ಹೋಗಿ ಸೆರಗಿನಿಂದ ಕಣ್ಣೊರೆಸಿಕೊಂಡಳು. ನಾನು ನೋಡಿದ್ದು ಅವಳಿಗೆ ಗೊತ್ತಿಲ್ಲ.

ಐವತ್ತೈದನೆಯ ದಿನ, ಎಂಟು ವಾರಕ್ಕೆ ಒಂದೇ ದಿನ ಬಾಕಿ ಇರುವಾಗ, ರಿಜಿಸ್ಟರ್ ಲಕೋಟೆ ಬಂತು. ಪೂನಮಳದು ಅವತ್ತು ರಜೆ, ಮನೆಯಲ್ಲೇ ಇದ್ದಳು. ಆದರೆ ಲಕೋಟೆ ಒಡೆಯಲು ಅವಳಿಗೂ ಧೈರ್ಯವಿಲ್ಲ, ಸಂದೇಶನಿಗೂ ಇಲ್ಲ. ನನ್ನನ್ನು ಕರೆದರು. ಸಂಜೆಯ ಹೊತ್ತು; ಲಕೋಟೆಯ ಚಿಂತೆಯಲ್ಲಿ ಅವಳು ಕಡೆಯ ಬಸ್ಸನ್ನೂ ಬಿಟ್ಟಿದ್ದಳು, ಯಾರೂ ಉಂಡಿರಲಿಲ್ಲ. ನಾನು ಕನ್ನಡಕ ಹಾಕಿಕೊಂಡು, ಕಚೇರಿಯ ಪದ್ಧತಿಯಂತೆ ಮೇಲಿನ ಉಲ್ಲೇಖದಿಂದ ಶುರುಮಾಡಿದೆ.

ಮೊದಲ ಪುಟವೆಲ್ಲ ನನ್ನ ಸುಳ್ಳಿಗೇ ಮೀಸಲು. ಅರ್ಜಿಯಲ್ಲಿ ಹೇಳಿದ ಕಾರಣ ವಸ್ತುಸ್ಥಿತಿಗೆ ವಿರುದ್ಧ ಎಂದು ಅರ್ಜಿದಾರರೇ ಒಪ್ಪಿರುವುದರಿಂದ ಆ ಕಾರಣವನ್ನು ತಿರಸ್ಕರಿಸಲಾಗಿದೆ. ಪದ್ಮವ್ವ ಕಣ್ಣು ಮುಚ್ಚಿದಳು. ಎರಡನೆಯ ಪುಟದ ಮೊದಲಿಗೆ, ಬಸ್ಸನ್ನು ಅನುಮತಿಯಿಲ್ಲದೆ ನಿಲ್ಲಿಸಿದ್ದಕ್ಕೆ ಕಂಡಕ್ಟರಿಗೆ ಎಚ್ಚರಿಕೆ ಕೊಡಲಾಗಿದೆ, ಮರುಕಳಿಸತಕ್ಕದ್ದಲ್ಲ. ಸಂದೇಶ ನೆಲ ನೋಡಿದ. ನಾನು ನಿಧಾನವಾಗಿ ಮುಂದಿನ ಸಾಲಿಗೆ ಬಂದೆ.

"ಆದಾಗ್ಯೂ" ಎಂದು ಓದಿದೆ. ಸರಕಾರಿ ಕಾಗದದಲ್ಲಿ ಇಷ್ಟು ಮುದ್ದಾದ ಶಬ್ದ ಇನ್ನೊಂದಿಲ್ಲ. ಆದಾಗ್ಯೂ, ಸದರಿ ಕಂಡಕ್ಟರ್ ಆ ಕರ್ತವ್ಯದಲ್ಲಿ ಇರುವವರೆಗೆ ಬಸ್ಸು ನಿಲ್ಲುವುದು ತಪ್ಪುವುದಿಲ್ಲವೆಂದೂ, ಪ್ರಯಾಣಿಕರೇ ಅದಕ್ಕೆ ಒತ್ತಾಸೆಯಾಗಿರುವುದರಿಂದ ಎಚ್ಚರಿಕೆಯಿಂದ ಪ್ರಯೋಜನವಾಗುವುದು ಸಂದೇಹವೆಂದೂ ಕಂಡುಬರುತ್ತದೆ. ಆದಕಾರಣ ವೇಳಾಪಟ್ಟಿಯ ಪಾಲನೆಗಾಗಿ, ಸಾರ್ವಜನಿಕ ಹಿತದೃಷ್ಟಿಯಿಂದ, ಅವರನ್ನು ಅಥಣಿ ಕಡೆಯ ಡಿಪೊಗೆ, ಹಗಲಿನ ಕರ್ತವ್ಯಕ್ಕೆ ವರ್ಗಾಯಿಸಿದೆ.

ಒಂದು ಕ್ಷಣ ಯಾರಿಗೂ ಅರ್ಥವಾಗಲಿಲ್ಲ. ಪೂನಮಳಿಗೆ ಮೊದಲು ಅರ್ಥವಾಯಿತು. ಅವಳು ಅತ್ತೆಯ ಕೈ ಹಿಡಿದು, "ಅತ್ತಿ, ಬಂತರಿ" ಎಂದಳು. ಅತ್ತೆ ಕಾಗದವನ್ನು ನನ್ನ ಕೈಯಿಂದ ಕಿತ್ತುಕೊಂಡು, ಓದಲು ಬಾರದಿದ್ದರೂ ಎರಡೂ ಬದಿ ನೋಡಿ, ಒಲೆಯ ಕಡೆ ಓಡಿದಳು. ಚಹಾಪುಡಿ ಡಬ್ಬಿ ಕೆಳಗಿಳಿಯಿತು, ಹಾಲು ಕಾಯಿತು, ಯಾಲಕ್ಕಿ ಬಿತ್ತು. ಬಸಿಗೆ ಹೊಯ್ದು ತುಟಿಗೆ ಒಯ್ಯುವಾಗ ಅವಳ ಕಣ್ಣು ಹಿತ್ತಲ ಬಾಗಿಲಿನ ಆಚೆ ಹೋಯಿತು. ಹೊತ್ತು ಮುಳುಗಿತ್ತು.

ಪದ್ಮವ್ವ ಬಸಿ ಕೆಳಗಿಟ್ಟು ನನ್ನನ್ನು ನೋಡಿದಳು.

"ಎಲ್ಲಾ ಬಿಟ್ಟು ಕಡೀ ಸಾಲ ಮೊದಲ ಓದಾಕ ಆಗ್ತಿರಲಿಲ್ಲೇನೋ ಧರೆಪ್ಪ ನಿನಗ?"

ಎರಡನೆಯ ಸಲವೂ ಅವಳ ಚಹಾ ನಾನೇ ಕುಡಿದೆ. ಅವಳದು ಮರುದಿನ ಸೂರ್ಯ ಹುಟ್ಟಿದ ಮೇಲೆ ಆಯಿತು. ಒಂದಾದ ಮೇಲೊಂದು ಮೂರು ಬಸಿ. ಓಣಿಯವರೆಲ್ಲ ನಿರಾಳವಾಗಿ ಕಿಟಕಿ ತೆರೆದೆವು.

ಹತ್ತು ದಿನಕ್ಕೆ ಪೂನಮ ಹೊಸ ಡಿಪೊಗೆ ಬಂದಳು. ಕಾಗವಾಡ, ಶೇಡಬಾಳದ ಮೇಲೆ ಓಡುವ ಬೆಳಗಿನ ಬಸ್ಸು; ಸಂಜೆ ನಾಲ್ಕೂವರೆಗೆ ಮನೆ. ಮೊದಲ ಸಂಜೆ ಪದ್ಮವ್ವ ನನ್ನನ್ನೂ ಊಟಕ್ಕೆ ಕರೆದಳು, ರಾತ್ರಿ ಒಂಬತ್ತಕ್ಕೆ ಉಣ್ಣುವ ನನ್ನನ್ನು. ಹಿತ್ತಲ ಪಡಸಾಲೆಯಲ್ಲಿ ಸಂದೇಶ, ಪದ್ಮವ್ವ, ಅವಳ ಪಕ್ಕದಲ್ಲಿ ಪೂನಮ. ಬಿಸಿ ರೊಟ್ಟಿ, ಅದೇ ಮಡಿಕೆಕಾಳಿನ ಪಲ್ಯ, ಮೇಲೆ ಬೆಣ್ಣೆ. ಕಬ್ಬಿನ ಹೊಲದ ಮೇಲೆ ಸೂರ್ಯ ಇನ್ನೂ ಇದ್ದ. ಪೂನಮ ಮೊದಲ ತುತ್ತು ಮುರಿದಳು, ಬಾಯಿಗಿಡದೆ ಸುಮ್ಮನೆ ಕೂತಳು. ಎಂಟು ನಿಮಿಷದಲ್ಲಿ ಮುಗಿಸಬೇಕಾಗಿಲ್ಲ ಎಂಬುದು ಕೈಗೆ ಇನ್ನೂ ಗೊತ್ತಾಗಿರಲಿಲ್ಲ.

ಅಷ್ಟರಲ್ಲಿ ಅವಳ ಫೋನು ಹೊಡೆದುಕೊಂಡಿತು. ಲಕ್ಕವ್ವ. ಸದ್ದು ಎಲ್ಲರಿಗೂ ಕೇಳುವಷ್ಟು ದೊಡ್ಡದಾಗಿತ್ತು, ಹಿಂದೆ ಬಸ್ಸಿನ ಎಂಜಿನ್ ಗರಗರ ಎನ್ನುತ್ತಿತ್ತು.

"ತಂಗಿ, ಗಿಡ ದಾಟಿದಿವಿ ನೋಡವಾ. ಬಸ್ ನಿಂದರಲಿಲ್ಲ. ಹೊಸಾ ಕಂಡಕ್ಟರ್ ಬೆಲ್ ಹೊಡಿಲಿಲ್ಲ. ಹಾಲಸಿದ್ದ ಗಿಡದ ಹತ್ರ ಗಾಡಿ ಸಾವಕಾಶ ಮಾಡಿದ, ಮತ್ತ ಹೋದ. ಇಲ್ಲಿ ಎಲ್ಲಾರೂ ಕೇಳಾಕತ್ತಾರ. ಹೊತ್ತ ನಾಕ ಬೆರಳ ಐತಿ. ಉಂಡ್ಯೇನ?"

ಪೂನಮ ಕೈಯಲ್ಲಿದ್ದ ತುತ್ತನ್ನೇ ನೋಡಿದಳು. ಪದ್ಮವ್ವ ಅವಳ ಕೈಯಿಂದ ಫೋನು ತೆಗೆದುಕೊಂಡಳು.

"ನಾನು ಆಕಿ ಅತ್ತಿ ಮಾತಾಡಾಕತ್ತೇನಿ" ಎಂದಳು. "ಆರು ವರ್ಷ ನೀವು ಉಣಿಸೀರಿ, ನಿಮ್ಮ ಋಣ ದೊಡ್ಡದು. ಒಂದಿನ ಎಲ್ಲಾರೂ ಕೂಡಿ ನಮ್ಮಲ್ಲಿ ಊಟಕ್ಕ ಬರ್ರಿ, ಹೊತ್ತ ಮುಳಗೂದರಾಗ ಬರ್ರಿ. ಈಗ ಫೋನ್ ಇಡ್ರಿ. ಹುಡಿಗಿ ಉಣ್ಣಲಿ."

ಪೂನಮ ತುತ್ತು ಬಾಯಿಗಿಟ್ಟಳು. ಪದ್ಮವ್ವ ಅವಳ ತಟ್ಟೆಗೆ ಇನ್ನೊಂದು ರೊಟ್ಟಿ ಹಾಕಿದಳು.